ಎರಡನೆಯ ಸಾಲಿನ ನಟ

(ಸಂಘದ ತಿಂಗಳ ಸಭೆಯಲ್ಲಿ, ‘ಇಕಿರು’ ಎಂಬ ಜಪಾನಿ ಚಿತ್ರವನ್ನು ತೋರಿಸುವ ಮೊದಲು ಮಾಡಿದ ಭಾಷಣ)



ಈ ಸಂಜೆಯ ವಿಷಯವನ್ನು ಹಲಗೆಯ ಮೇಲೆ ಬರೆದ ದಿನ ಕೆಲವರು ನಕ್ಕರು. ಜಪಾನಿನ ಒಬ್ಬ ಸಿನಿಮಾ ನಟ. ಅವನೂ ನಾಯಕನಲ್ಲ, ಪಕ್ಕದ ಪಾತ್ರದವನು. ಅವನ ಕುರಿತು ಮಾತಾಡಲು ನಿಂತಿರುವ ನಾವಾದರೋ ಹೋಟೆಲಿನ ಮೋರಿಯಲ್ಲಿ ಕಪ್ಪು ಬಸಿ ತೊಳೆದು, ಏಳನೆಯ ಇಯತ್ತೆಗೆ ಪುಸ್ತಕ ಮುಚ್ಚಿಟ್ಟವರು. ನಗು ಬರುವುದು ನ್ಯಾಯವೇ. ಆದರೆ ಇವತ್ತು ತೋರಿಸುವ ಚಿತ್ರದ ಮಾತು ಜಪಾನಿ. ಕೆಳಗೆ ಓಡುವ ಅಕ್ಷರ ಇಂಗ್ಲಿಷು. ಎರಡೂ ಬಾರದವರು ನಮ್ಮಲ್ಲಿ ಬಹಳ ಮಂದಿ ಇದ್ದೇವೆ. ಕಥೆಯನ್ನೂ ಆ ನಟರ ಬಾಳನ್ನೂ ಮೊದಲೇ ನಮ್ಮ ಭಾಷೆಯಲ್ಲಿ ಹೇಳಿಬಿಟ್ಟರೆ ಆಮೇಲೆ ಮುಖ ನೋಡಿಕೊಂಡೇ ಚಿತ್ರ ತಿಳಿಯುತ್ತದೆ. ಆ ಮುಖ ಅಂಥದು.

ಅವರ ಹೆಸರು ತಕಾಶಿ ಶಿಮುರಾ. ಇದು ಬಣ್ಣ ಹಚ್ಚಿದ ಮೇಲೆ ಬಂದ ಹೆಸರು. ತಾಯಿತಂದೆ ಇಟ್ಟದ್ದು ಶೋಜಿ ಶಿಮಾಝಾಕಿ ಎಂದು.

ಎರಡನೆಯ ಸಾಲು ಎಂದರೇನೆಂಬುದನ್ನು ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಗಿರಾಕಿಗೆ ಗಲ್ಲಾದ ಮೇಲೆ ಕೂತವರ ಮುಖ ಗೊತ್ತು, ತಟ್ಟೆ ತಂದಿಟ್ಟವನ ಮುಖ ಅರ್ಧ ಗೊತ್ತು. ಬೆಳಗಿನ ನಾಲ್ಕು ಗಂಟೆಗೆ ಎದ್ದು ಹಿಟ್ಟು ಹುಳಿ ಬಂದಿದೆಯೋ ಇಲ್ಲವೋ ಎಂದು ಬೆರಳದ್ದಿ ನೋಡಿದವನ ಮುಖ ಯಾರಿಗೂ ಗೊತ್ತಿಲ್ಲ. ಇಡ್ಲಿ ಚೆನ್ನಾಗಿದ್ದರೆ ಹೋಟೆಲಿಗೆ ಹೆಸರು, ಕೆಟ್ಟರೆ ಅವನಿಗೆ ಬೈಗಳು. ಸಿನಿಮಾದಲ್ಲಿಯೂ ಹೀಗೆಯೇ ಒಂದು ಅಡುಗೆಮನೆ ಇದೆ. ಶಿಮುರಾ ಅವರು ಸುಮಾರು ಐವತ್ತು ವರ್ಷ ಆ ಅಡುಗೆಮನೆಯಲ್ಲಿ ದುಡಿದರು.

ಅವರು ಹುಟ್ಟಿದ್ದು 1905ರ ಮಾರ್ಚ್ 12ರಂದು, ಹ್ಯೊಗೊ ಪ್ರಾಂತದ ಇಕುನೊ ಎಂಬ ಊರಿನಲ್ಲಿ. ಅದು ಬೆಳ್ಳಿಯ ಗಣಿಯ ಊರು. ತಂದೆಗೆ ಆ ಗಣಿಯಲ್ಲೇ ಕೆಲಸ. ಮನೆತನ ಹಳೆಯ ಸಮುರಾಯ್ ಮನೆತನ. 1868ರ ಯುದ್ಧದಲ್ಲಿ ಅಜ್ಜ ಕಾದಾಡಿದವರು. ಆದರೆ ಮೊಮ್ಮಗನ ಪಾಲಿಗೆ ಕತ್ತಿಯೂ ಇಲ್ಲ, ಜಮೀನೂ ಇಲ್ಲ. ಒಸಾಕಾದ ಕಾನ್ಸಾಯ್ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಸಾಹಿತ್ಯ ಓದಲು ಸೇರಿದರು. ತಂದೆ ಕೆಲಸದಿಂದ ನಿವೃತ್ತರಾದರು, ಮನೆಯ ಕೈ ಕಟ್ಟಿತು. ಹಗಲಿನ ತರಗತಿ ಬಿಟ್ಟು ರಾತ್ರಿಯ ತರಗತಿಗೆ ಹೋದರು. ಹಗಲು ಒಸಾಕಾ ನಗರಸಭೆಯ ನೀರು ಸರಬರಾಜು ಇಲಾಖೆಯಲ್ಲಿ ನೌಕರಿ.

ಬಂಧುಗಳೇ, ಹಗಲು ನೌಕರಿ, ರಾತ್ರಿ ಶಾಲೆ! ಇಲ್ಲಿ ಕೂತವರಲ್ಲಿ ಎಷ್ಟು ಜನ ಈ ಮಾತು ಕೇಳಿ ತಲೆ ಎತ್ತಿದಿರಿ ಎಂಬುದು ನಮಗೆ ಕಾಣುತ್ತಿದೆ. ರಾತ್ರಿ ಒಂಬತ್ತರ ಮೇಲೆ ಬೆಂಚಿನ ಮೇಲೆ ಕೂತು ತೂಕಡಿಸಿದವರಿಗೆ ಆ ಹುಡುಗನ ಕಣ್ಣು ಹೇಗಿದ್ದಿರಬೇಕೆಂದು ಬಿಡಿಸಿ ಹೇಳಬೇಕಾಗಿಲ್ಲ.

ಆ ಕಾಲೇಜಿನಲ್ಲಿ ನಾಟಕದ ಹುಚ್ಚು ಹತ್ತಿತು. 1928ರಲ್ಲಿ ಗೆಳೆಯರೊಂದಿಗೆ ಹವ್ಯಾಸಿ ತಂಡ ಕಟ್ಟಿದರು. ತಾಲೀಮು ಹೆಚ್ಚಾಯಿತು, ಕಚೇರಿಗೆ ಗೈರುಹಾಜರಿಯೂ ಹೆಚ್ಚಾಯಿತು, ಕೆಲಸ ಹೋಯಿತು. ತಂಡವೂ ದುಡ್ಡಿಲ್ಲದೆ ನಿಂತುಹೋಯಿತು. ರೇಡಿಯೋ ನಾಟಕದಲ್ಲಿ ಮಾತಾಡಿ ಹೊಟ್ಟೆ ಹೊರೆದುಕೊಂಡರು. 1930ರಲ್ಲಿ ಒಂದು ವೃತ್ತಿ ಕಂಪನಿ ಸೇರಿ ಊರೂರು ಸುತ್ತಿದರು. ಅಷ್ಟರಲ್ಲಿ ಮೂಕಿ ಚಿತ್ರ ಹೋಗಿ ಮಾತಿನ ಚಿತ್ರ ಬರುತ್ತಿತ್ತು. ರಂಗದ ಮೇಲೆ ಗಂಟಲು ಪಳಗಿಸಿದವರಿಗೆ ಅಲ್ಲಿ ಕೂಲಿ ಸಿಕ್ಕೀತೆಂದು ಕ್ಯೋಟೊಗೆ ಬಂದರು. 1934ರಲ್ಲಿ ಮೊದಲ ಚಿತ್ರ. ಆಗ ಅವರಿಗೆ ಇಪ್ಪತ್ತೊಂಬತ್ತು ವರ್ಷ. ನಾಯಕನಾಗುವ ವಯಸ್ಸು ಜಾರುತ್ತಿದ್ದ ಕಾಲ. 1936ರಲ್ಲಿ ಕೆಂಜಿ ಮಿಝೊಗುಚಿ ಎಂಬ ದೊಡ್ಡ ನಿರ್ದೇಶಕರ ‘ಒಸಾಕಾ ಎಲಿಜಿ’ಯಲ್ಲಿ ಪತ್ತೇದಾರನ ಸಣ್ಣ ಪಾತ್ರ ಸಿಕ್ಕಿತು. 1937ರಿಂದ 1942ರವರೆಗೆ ನಿಕ್ಕಾಟ್ಸು ಕಂಪನಿಯಲ್ಲಿ ಹೆಚ್ಚುಕಡಿಮೆ ನೂರು ಚಿತ್ರಗಳಲ್ಲಿ ಕಾಣಿಸಿಕೊಂಡರು.

ಐದಾರು ವರ್ಷಕ್ಕೆ ನೂರು ಚಿತ್ರ! ಇದನ್ನು ಕೀರ್ತಿ ಎಂದು ತಿಳಿಯಬೇಡಿ. ಇದು ಪಾಳಿಯ ಕೆಲಸ. ಇಂದು ಪೊಲೀಸು, ನಾಳೆ ಕಳ್ಳ, ನಾಡಿದ್ದು ಸಾಲ ಕೊಡುವವನು. ವೇಷ ಕಳಚು, ವೇಷ ಹಾಕು. ನಮ್ಮ ಮೇಳಗಳಲ್ಲಿ ರಾತ್ರಿಯೆಲ್ಲ ದೂತನಾಗಿ, ಚಾರಕನಾಗಿ ಬಂದುಹೋಗಿ ಬೆಳಗಾಗುವಾಗ ಚೌಕಿಯ ಮೂಲೆಯಲ್ಲಿ ಮಲಗುವ ಕಲಾವಿದರಿಲ್ಲವೇ, ಅಂಥ ದುಡಿಮೆ.

ಈ ಕಾಲದಲ್ಲೇ ಇನ್ನೊಂದು ಪೆಟ್ಟು ಬಿತ್ತು. ಜಪಾನು ಯುದ್ಧದ ಹಾದಿ ಹಿಡಿದಿದ್ದ ದಿನಗಳು. ವಿಚಾರಗಳನ್ನು ಬೇಟೆಯಾಡಲೆಂದೇ ಅಲ್ಲಿ ವಿಶೇಷ ಪೊಲೀಸ್ ಪಡೆಯೊಂದಿತ್ತು. ಶಿಮುರಾ ಅವರು ಹಿಂದೆ ಎಡಪಂಥದ ನಾಟಕ ತಂಡಗಳ ಜತೆ ಓಡಾಡಿದ್ದರೆಂಬ ಕಾರಣಕ್ಕೆ ಅವರನ್ನು ಹಿಡಿದು ಸುಮಾರು ಮೂರು ವಾರ ಲಾಕಪ್ಪಿನಲ್ಲಿಟ್ಟರು. ಹೆಂಡತಿ ಮಸಾಕೊ ಅವರೂ ಸಹನಟರೊಬ್ಬರೂ ಜಾಮೀನಾಗಿ ನಿಂತ ಮೇಲೆ ಬಿಟ್ಟರು. ಯುದ್ಧ ಮುಗಿದ ಮರುವರ್ಷ, 1946ರಲ್ಲಿ, ಅಕಿರಾ ಕುರೊಸಾವಾ ಅವರ ಒಂದು ಚಿತ್ರದಲ್ಲಿ ಅಂಥದೇ ಪೊಲೀಸ್ ಅಧಿಕಾರಿಯ ಪಾತ್ರ ಶಿಮುರಾ ಅವರ ಪಾಲಿಗೆ ಬಂತು. ತಮ್ಮನ್ನು ವಿಚಾರಿಸಿದವರ ಎದುರು ಕೂತು ನೋಡಿದ್ದನ್ನೆಲ್ಲ ಅವರು ಆ ಪಾತ್ರಕ್ಕೆ ಸುರಿದರೆಂದು ಹೇಳುತ್ತಾರೆ. ಆ ಅಧಿಕಾರಿ ಕೂಗಾಡುವುದಿಲ್ಲ, ಮೇಜು ಗುದ್ದುವುದಿಲ್ಲ. ನಿಧಾನಕ್ಕೆ ಮಾತಾಡುತ್ತಾನೆ. ಅದಕ್ಕೇ ನೋಡುವವರ ಮೈ ತಣ್ಣಗಾಗುತ್ತದೆ.

ಶಿಮುರಾ ಅವರು ತೊಹೊ ಎಂಬ ದೊಡ್ಡ ಕಂಪನಿಗೆ ಸೇರಿದ್ದು 1943ರಲ್ಲಿ. ಕುರೊಸಾವಾ ನಿರ್ದೇಶಿಸಿದ ಮೊಟ್ಟಮೊದಲ ಚಿತ್ರ ‘ಸಾನ್‌ಶಿರೊ ಸುಗಾಟಾ’ ಅದೇ ವರ್ಷದ್ದು. ಅದರಲ್ಲಿ ಶಿಮುರಾ ಇದ್ದರು. ಅಲ್ಲಿಂದ ಆ ನಿರ್ದೇಶಕರ ಮೂವತ್ತು ಚಿತ್ರಗಳಲ್ಲಿ ಇಪ್ಪತ್ತೊಂದರಲ್ಲಿ ಅವರು ಕಾಣಿಸಿಕೊಂಡರು. ಅಷ್ಟು ಚಿತ್ರಗಳಲ್ಲಿ ತೊಶಿರೊ ಮಿಫುನೆ ಕೂಡ ಇಲ್ಲ, ಅವರದು ಹದಿನಾರು.

ಇಲ್ಲಿ ಸ್ವಲ್ಪ ನಿಂತು, ಸಂಘ ಕಟ್ಟುವವರಾದ ನಾವು ಕೇಳಲೇಬೇಕಾದ ಕಥೆ ಹೇಳುತ್ತೇವೆ. ಯುದ್ಧ ಮುಗಿದ ಮೇಲೆ ಜಪಾನು ಅಮೇರಿಕನ್ ಸೇನೆಯ ಆಡಳಿತದಲ್ಲಿತ್ತು. ಮೊದಮೊದಲು ಆ ಆಡಳಿತವೇ ಕಾರ್ಮಿಕ ಸಂಘಗಳಿಗೆ ಬೆಂಬಲ ಕೊಟ್ಟಿತು. 1945ರ ಡಿಸೆಂಬರಿನಲ್ಲಿ ಕಾರ್ಮಿಕ ಸಂಘಗಳ ಕಾಯಿದೆ ಬಂತು. ತೊಹೊ ಸ್ಟುಡಿಯೋದಲ್ಲಿ ದೀಪ ಹಿಡಿಯುವವರು, ಬಡಗಿಗಳು, ಹೊಲಿಯುವವರು, ನಟರು, ನಿರ್ದೇಶಕರು ಎಲ್ಲ ಒಂದೇ ಸಂಘಕ್ಕೆ ಸೇರಿದರು. 1946ರಲ್ಲಿ ಎರಡು ಮುಷ್ಕರಗಳಾದವು. ಎರಡನೆಯದರಲ್ಲಿ ಸಂಘ ಒಡೆಯಿತು. ಹೆಸರಾಂತ ಹತ್ತು ಮಂದಿ ತಾರೆಯರು ಹೊರನಡೆದರು. ಅವರನ್ನು ಸೇರಿಸಿಕೊಂಡು 1947ರಲ್ಲಿ ಶಿನ್‌ತೊಹೊ ಎಂಬ ಬೇರೆ ಕಂಪನಿ ಎದ್ದಿತು.

ಅದೇ 1946ರಲ್ಲಿ ಹೊಸ ಮುಖಗಳಿಗಾಗಿ ಒಂದು ಪರೀಕ್ಷೆ ನಡೆದಿತ್ತು. ಕುರೊಸಾವಾ ತಮ್ಮ ಆತ್ಮಕಥೆಯಲ್ಲಿ ಇದನ್ನು ಬರೆದಿದ್ದಾರೆ. ಆಯ್ಕೆಯ ಮಂಡಲಿಯಲ್ಲಿ ಕಸಬು ಬಲ್ಲವರಿದ್ದರು, ಸಂಘದ ಪ್ರತಿನಿಧಿಗಳೂ ಇದ್ದರು; ಎಲ್ಲರ ಮತಕ್ಕೂ ಸಮಾನ ಬೆಲೆ. ಪರೀಕ್ಷೆಗೆ ಬಂದವರಲ್ಲಿ ಒಬ್ಬ ಸಿಟ್ಟಿನ ಯುವಕ, ಸೈನ್ಯದಿಂದ ಮರಳಿದವನು. ಅವನ ನಡತೆ ಒರಟೆಂದು ಮತ ಎಣಿಸಿ ತಳ್ಳಿಹಾಕಿದರು. ನಟನೆಯನ್ನು ತೂಗುವಾಗ ನಟನೆ ಬಲ್ಲವರ ಮಾತಿಗೆ ಹೆಚ್ಚು ತೂಕ ಇರಬೇಡವೇ ಎಂದು ಕುರೊಸಾವಾ ಜಗಳ ತೆಗೆದರು. ಅವರ ಗುರು ಕಾಜಿರೊ ಯಮಾಮೊಟೊ, ಈ ಹುಡುಗನ ಹೊಣೆ ನನ್ನದು ಎಂದು ನಿಂತರು. ಹಾಗೆ ಉಳಿದುಕೊಂಡ ಹುಡುಗನೇ ಮಿಫುನೆ. ನಾವು ಸಂಘದವರು, ಆದರೂ ಈ ಕಥೆಯನ್ನು ಮುಚ್ಚಿಡುವುದಿಲ್ಲ. ಕೈ ಎತ್ತಿದವರ ಲೆಕ್ಕ ಸರಿಯಿದ್ದ ಮಾತ್ರಕ್ಕೆ ತೀರ್ಮಾನ ಸರಿಯಾಗುವುದಿಲ್ಲ. ಭಟ್ಟರ ಕೆಲಸಕ್ಕೆ ಯಾರು ತಕ್ಕವರು ಎಂದು ಕೇಳುವಾಗ ಒಲೆಯ ಮುಂದೆ ನಿಂತವರನ್ನು ಮೊದಲು ಕೇಳಬೇಕು.

1948ರಲ್ಲಿ ಮೂರನೆಯ ಮುಷ್ಕರ. ಕಂಪನಿ ನೂರಾರು ಜನರನ್ನು ಕೆಲಸದಿಂದ ತೆಗೆಯುತ್ತೇವೆ ಎಂದಿತು. ಏಪ್ರಿಲಿನಲ್ಲಿ ಕಾರ್ಮಿಕರು ಸ್ಟುಡಿಯೋದ ಒಳಗೇ ಕೂತರು, ತಿಂಗಳುಗಟ್ಟಲೆ ಕದಲಲಿಲ್ಲ. ಅಷ್ಟರಲ್ಲಿ ಅಮೇರಿಕನ್ ಆಡಳಿತದ ಮನಸ್ಸೂ ತಿರುಗಿತ್ತು. ಆಗಸ್ಟ್ 19ರಂದು ಸುಮಾರು ಎರಡು ಸಾವಿರ ಪೊಲೀಸರು ಬಂದರು. ಅವರ ಬೆನ್ನಿಗೆ ಅಮೇರಿಕನ್ ಸೈನ್ಯದ ಟ್ಯಾಂಕುಗಳು, ತಲೆಯ ಮೇಲೆ ವಿಮಾನಗಳು. ಬಾರದೆ ಉಳಿದದ್ದು ಯುದ್ಧದ ಹಡಗು ಒಂದೇ ಎಂಬ ಮಾತು ಆ ದೇಶದಲ್ಲಿ ಗಾದೆಯಂತೆ ಉಳಿಯಿತು. ಸಿನಿಮಾ ಮಾಡುವವರ ಮೇಲೆ ಟ್ಯಾಂಕು! ಕಾರ್ಮಿಕರು ರಕ್ತಪಾತಕ್ಕೆ ಎಡೆಕೊಡದೆ ಹೊರಬಂದರು. ಅಕ್ಟೋಬರಿನಲ್ಲಿ ಸಂಘದ ಇಪ್ಪತ್ತು ಮಂದಿ ಮುಂದಾಳುಗಳು ತಾವಾಗಿ ಕೆಲಸ ಬಿಡುವುದೆಂದು ಆಗಿ ಮುಷ್ಕರ ಮುಗಿಯಿತು. ಗೆಲುವೋ ಸೋಲೋ ಹೇಳುವುದು ಸುಲಭವಲ್ಲ. ಆ ಇಪ್ಪತ್ತು ಜನರ ಹೆಸರು ಯಾವ ಚಿತ್ರದ ಕೊನೆಯಲ್ಲೂ ಬರುವುದಿಲ್ಲ. ಅವರೂ ಎರಡನೆಯ ಸಾಲಿನವರೇ.

ಮುಷ್ಕರ ಶುರುವಾದ ಅದೇ ಏಪ್ರಿಲಿನಲ್ಲಿ ‘ಕುಡುಕ ದೇವದೂತ’ ಎಂಬ ಅರ್ಥದ ಹೆಸರಿನ ಚಿತ್ರ ತೆರೆಗೆ ಬಂತು. ಕೊಳಚೆ ಹೊಂಡದ ಪಕ್ಕದಲ್ಲಿ ಔಷಧಾಲಯ ಇಟ್ಟುಕೊಂಡ ಒಬ್ಬ ಕುಡುಕ ವೈದ್ಯ, ಕ್ಷಯ ಹಿಡಿದ ಒಬ್ಬ ಯುವ ಗೂಂಡಾ. ಹೆಸರಿನಲ್ಲಿರುವ ದೇವದೂತ ಆ ವೈದ್ಯನೇ. ಶಿಮುರಾ ಅವರದೇ ಮುಖ್ಯ ಪಾತ್ರ. ಆದರೆ ಗೂಂಡಾ ಆದದ್ದು ಮಿಫುನೆ. ಚಿತ್ರ ನೋಡಿದವರೆಲ್ಲ ಆ ಹುಡುಗನ ಹೆಸರು ಹೇಳುತ್ತ ಮನೆಗೆ ಹೋದರು. ದೊಡ್ಡ ಪಾತ್ರ ಸಿಕ್ಕಿದಾಗ, ತಮಗಿಂತ ಹದಿನೈದು ವರ್ಷ ಕಿರಿಯನೊಬ್ಬ ಬಂದು ಎಲ್ಲರ ಕಣ್ಣನ್ನೂ ಎಳೆದುಕೊಂಡುಬಿಟ್ಟ. ಆ ಹೊಟ್ಟೆಯುರಿಯನ್ನು ಬಲ್ಲೆವು ನಾವು. ನಾವು ತರಬೇತಿ ಕೊಟ್ಟ ಮಾಣಿ ನಮ್ಮ ಮೇಲೆಯೇ ಸೂಪರ್‌ವೈಸರ್ ಆದಾಗ ರಾತ್ರಿ ನಿದ್ದೆ ಬಾರದು. ಶಿಮುರಾ ಏನು ಮಾಡಿದರು? ಮರುವರ್ಷ ‘ಬೀದಿ ನಾಯಿ’ ಎಂಬ ಚಿತ್ರದಲ್ಲಿ ಅದೇ ಹುಡುಗನ ಪಕ್ಕದಲ್ಲಿ ಹಿರಿಯ ಪತ್ತೇದಾರನಾಗಿ ನಿಂತರು. ಪಿಸ್ತೂಲು ಕಳೆದುಕೊಂಡು ಪರದಾಡುವ ತರುಣ ಪೊಲೀಸ್ ಮಿಫುನೆ. ಅವನಿಗೆ ಕೆಲಸ ಕಲಿಸುವ ಅಣ್ಣ ಶಿಮುರಾ. ಒಬ್ಬನು ಓಡುತ್ತಾನೆ, ಇನ್ನೊಬ್ಬನು ಬೆವರೊರೆಸಿಕೊಂಡು ಕೂತು ಯೋಚಿಸುತ್ತಾನೆ. ಓಡುವವನು ಓಡುತ್ತಿದ್ದಾನೆಂದು ಕಾಣಬೇಕಾದರೆ ಪಕ್ಕದಲ್ಲಿ ಒಬ್ಬ ನಿಂತಿರಬೇಕು. ಪಕ್ಕದ ಪಾತ್ರದ ಗುಟ್ಟು ಇಷ್ಟೇ.

1950ರಲ್ಲಿ ‘ರಶೋಮೊನ್’. ಮರುವರ್ಷ ಅದಕ್ಕೆ ವೆನಿಸ್ ಉತ್ಸವದಲ್ಲಿ ಚಿನ್ನದ ಸಿಂಹ ಬಂತು. ಜಪಾನೀ ಚಿತ್ರ ಎಂದರೇನೆಂದು ಜಗತ್ತು ಕೇಳತೊಡಗಿತು. ಕಲ್ಕತ್ತೆಯಲ್ಲಿ ಸತ್ಯಜಿತ್ ರಾಯ್ ಅದನ್ನು ಒಂದರ ಹಿಂದೊಂದು ಮೂರು ದಿನ ನೋಡಿದೆನೆಂದು ಬರೆದಿದ್ದಾರೆ. ಅದರಲ್ಲಿ ಶಿಮುರಾ ಒಬ್ಬ ಕಟ್ಟಿಗೆ ಕಡಿಯುವವನು. ಒಂದು ಕೊಲೆ ನಡೆದಿದೆ; ಒಬ್ಬೊಬ್ಬರೂ ತಮಗೆ ಬೇಕಾದಂತೆ ಹೇಳುತ್ತಾರೆ. ಕಟ್ಟಿಗೆಯವನೂ ಪೂರಾ ಸತ್ಯವಂತನಲ್ಲ, ಬೆಲೆಬಾಳುವ ಒಂದು ಬಾಕು ಕದ್ದಿದ್ದಾನೆ. ಕೊನೆಗೆ ಬಿಟ್ಟುಹೋದ ಒಂದು ಎಳೆಗೂಸು ಸಿಕ್ಕಾಗ, ಮನೆಯಲ್ಲಿ ಆರು ಮಕ್ಕಳಿವೆ, ಏಳನೆಯದೂ ಇರಲಿ ಎಂದು ಎತ್ತಿಕೊಂಡು ಹೋಗುವವನು ಅವನೇ. ಕದ್ದ ಕೈಯೇ ಮಗುವನ್ನು ಎತ್ತಿತು. ಬಡವನನ್ನು ದೇವರನ್ನಾಗಿಯೂ ಮಾಡದೆ ಕಳ್ಳನನ್ನಾಗಿಯೂ ಮಾಡದೆ ಮನುಷ್ಯನನ್ನಾಗಿ ತೋರಿಸಿದರು.

ಇನ್ನು ಈ ಹೊತ್ತಿನ ಚಿತ್ರ. ‘ಇಕಿರು’ ಎಂದರೆ ಬದುಕುವುದು. 1952ರ ಅಕ್ಟೋಬರಿನದು. ಇದರಲ್ಲಿ ಶಿಮುರಾ ಅವರೇ ಮೊದಲ ಸಾಲು. ಆಗ ಅವರಿಗೆ ನಲವತ್ತೇಳು ವರ್ಷ. ಪಾತ್ರದ ಹೆಸರು ವಾಟಾನಾಬೆ. ನಗರಸಭೆಯ ಕಚೇರಿಯಲ್ಲಿ ನಾಗರಿಕರ ಅಹವಾಲು ಕೇಳುವ ವಿಭಾಗದ ಮುಖ್ಯಸ್ಥ. ಮೂವತ್ತು ವರ್ಷದ ನೌಕರಿಯಲ್ಲಿ ಒಂದು ದಿನವೂ ರಜೆ ಹಾಕಿಲ್ಲ, ಒಂದು ದಿನವೂ ಕೆಲಸ ಮಾಡಿಲ್ಲ. ಬರೀ ಮೊಹರು ಒತ್ತಿದ್ದಾರೆ. ಒಂದು ದಿನ ಕುರೊಯೆ ಎಂಬ ಪೇಟೆಯ ಹೆಂಗಸರು ಅರ್ಜಿ ತರುತ್ತಾರೆ. ನಮ್ಮ ಮನೆಗಳ ನಡುವೆ ಕೊಳಚೆ ಹೊಂಡ ಇದೆ, ಸೊಳ್ಳೆ, ನಾತ, ಮಕ್ಕಳಿಗೆ ರೋಗ. ಮುಚ್ಚಿಸಿ, ಆಟದ ಬಯಲು ಮಾಡಿಕೊಡಿ ಎಂದು. ಅವರನ್ನು ಕಾಮಗಾರಿಗೆ ಕಳಿಸುತ್ತಾರೆ. ಅಲ್ಲಿಂದ ಉದ್ಯಾನಕ್ಕೆ. ಅಲ್ಲಿಂದ ಆರೋಗ್ಯಕ್ಕೆ. ಹೀಗೆ ಕಿಟಕಿಯಿಂದ ಕಿಟಕಿಗೆ ಸುತ್ತಿ, ಉಪಮೇಯರರವರೆಗೂ ಹೋಗಿ, ಮತ್ತೆ ಮೊದಲಿನ ಕಿಟಕಿಗೇ ಬಂದು ನಿಲ್ಲುತ್ತಾರೆ.

ನಗುತ್ತಿದ್ದೀರಿ. ನಗು ಯಾಕೆ ಬಂತೆಂದು ನಮಗೆ ಗೊತ್ತು. ಆ ಮಾತಿಗೆ ಆಮೇಲೆ ಬರೋಣ.

ವಾಟಾನಾಬೆ ಅವರಿಗೆ ಹೊಟ್ಟೆಯ ಕ್ಯಾನ್ಸರ್. ಡಾಕ್ಟರರು ಸುಳ್ಳು ಹೇಳಿದರೂ ಅವರಿಗೆ ಗೊತ್ತಾಗಿಬಿಡುತ್ತದೆ. ಉಳಿದದ್ದು ಕೆಲವೇ ತಿಂಗಳು. ಮಗನಿಗೆ ಹೇಳಲು ಬಾಯಿ ಬರುವುದಿಲ್ಲ. ಉಳಿತಾಯದ ಹಣ ತೆಗೆದು ಒಂದು ರಾತ್ರಿ ಕುಡಿದು ಕುಣಿಯಲು ನೋಡುತ್ತಾರೆ. ಹೊಟ್ಟೆಗೆ ಹತ್ತುವುದಿಲ್ಲ, ಮನಸ್ಸಿಗೂ ಹತ್ತುವುದಿಲ್ಲ. ಅವರ ಕಚೇರಿ ಬಿಟ್ಟು ಗೊಂಬೆ ಕಾರ್ಖಾನೆಗೆ ಸೇರಿದ ಒಬ್ಬ ಹುಡುಗಿ ತಾನು ಮಾಡುವ ಮೊಲದ ಗೊಂಬೆಯನ್ನು ಮೇಜಿನ ಮೇಲೆ ಇಟ್ಟು, ಇದನ್ನು ಮಾಡುವಾಗ ಜಪಾನಿನ ಮಕ್ಕಳೆಲ್ಲ ಗೆಳೆಯರಾದಂತೆ ಆಗುತ್ತದೆ ಎನ್ನುತ್ತಾಳೆ. ತಾನೂ ಏನಾದರೊಂದು ಮಾಡಬಹುದಲ್ಲ ಎಂದು ಆ ಮುದುಕನಿಗೆ ಅಲ್ಲಿ ಹೊಳೆಯುತ್ತದೆ. ಮರುದಿನ ಕಚೇರಿಗೆ ಬಂದು ಆ ಹೆಂಗಸರ ಅರ್ಜಿಯನ್ನು ರಾಶಿಯಿಂದ ಎಳೆದು ತೆಗೆಯುತ್ತಾರೆ.

ಇಲ್ಲಿ ಕುರೊಸಾವಾ ಒಂದು ಕೆಲಸ ಮಾಡಿದ್ದಾರೆ, ಕಣ್ಣಿಟ್ಟು ನೋಡಿ. ಮುಂದಿನ ದೃಶ್ಯಕ್ಕೆ ವಾಟಾನಾಬೆ ಸತ್ತಾಗಿದೆ. ಫೋಟೋ ಇಟ್ಟಿದ್ದಾರೆ, ಕಚೇರಿಯವರು ಸಾಲಾಗಿ ಕೂತಿದ್ದಾರೆ. ಆಟದ ಬಯಲು ಆಗಿದೆ. ಆದರೆ ಅದರ ಕೀರ್ತಿಯನ್ನು ಉಪಮೇಯರರು ತೆಗೆದುಕೊಂಡಿದ್ದಾರೆ. ಆಗ ಆ ಪೇಟೆಯ ಹೆಂಗಸರು ಬಂದು ಫೋಟೋದ ಮುಂದೆ ಅಳುತ್ತಾರೆ, ಯಾರೊಂದಿಗೂ ಮಾತಾಡದೆ ಎದ್ದು ಹೋಗುತ್ತಾರೆ. ದೊಡ್ಡವರ ಮುಖ ಕಪ್ಪಿಡುತ್ತದೆ. ಕುಡಿತ ಏರಿದಂತೆ ಒಬ್ಬೊಬ್ಬರೇ ನೆನಪು ತೆಗೆಯುತ್ತಾರೆ. ಬಗ್ಗಿದ ಬೆನ್ನಿನಿಂದ ಆ ಮನುಷ್ಯ ಹೇಗೆ ಕಿಟಕಿ ಕಿಟಕಿಗೆ ನಿಂತರು, ಹೇಗೆ ಬೈಸಿಕೊಂಡರು, ಗೂಂಡಾಗಳು ಹೆದರಿಸಿದಾಗಲೂ ಹೇಗೆ ಸುಮ್ಮನೆ ನೋಡಿದರು ಎಂದು. ಕೊನೆಯ ರಾತ್ರಿ ಹಿಮ ಬೀಳುವಾಗ ಆ ಬಯಲಿನ ಉಯ್ಯಾಲೆಯ ಮೇಲೆ ಕೂತು ಹಳೆಯ ಹಾಡೊಂದನ್ನು ಗುನುಗುತ್ತಿದ್ದರೆಂದು ಒಬ್ಬ ಪೊಲೀಸಿನವನು ಬಂದು ಹೇಳುತ್ತಾನೆ. ಎಲ್ಲರೂ ಅತ್ತು, ನಾಳೆಯಿಂದ ನಾವೂ ಅವರಂತೆ ದುಡಿಯುತ್ತೇವೆ ಎಂದು ಪ್ರತಿಜ್ಞೆ ಮಾಡುತ್ತಾರೆ.

ನಾಳೆ ಬರುತ್ತದೆ. ಹೊಸ ಅರ್ಜಿ ಬರುತ್ತದೆ. ಹೊಸ ಮುಖ್ಯಸ್ಥ ಅದನ್ನು ಕಾಮಗಾರಿಯ ಕಿಟಕಿಗೆ ಕಳಿಸುತ್ತಾನೆ. ಒಬ್ಬನೇ ಒಬ್ಬ ಗುಮಾಸ್ತ ಕುರ್ಚಿ ಬೀಳಿಸಿ ಎದ್ದು ನಿಲ್ಲುತ್ತಾನೆ. ಯಾರೂ ಜತೆಗಿಲ್ಲವೆಂದು ಕಂಡು ಮತ್ತೆ ಕಡತದ ರಾಶಿಯ ಹಿಂದೆ ಕುಸಿಯುತ್ತಾನೆ. ಆ ಗುಮಾಸ್ತನನ್ನು ಮರೆಯಬೇಡಿ.

1954ರಲ್ಲಿ ‘ಏಳು ಸಮುರಾಯ್’ ಬಂತು. ವೆನಿಸ್ಸಿನಲ್ಲಿ ಬೆಳ್ಳಿಯ ಸಿಂಹ ಪಡೆಯಿತು. ಕಳ್ಳರ ಕಾಟಕ್ಕೆ ಸಿಕ್ಕ ಹಳ್ಳಿಯ ರೈತರು ಕೂಲಿ ಕೊಡಲಾಗದೆ ಬರೀ ಊಟಕ್ಕೆ ಯೋಧರನ್ನು ಹುಡುಕುತ್ತಾರೆ. ಏಳು ಜನರ ಹಿರಿಯ ಕಾಂಬೆ, ಅದು ಶಿಮುರಾ. ಕುಣಿದು ಕುಪ್ಪಳಿಸಿ ಜನರ ಮನಸ್ಸು ಕದಿಯುವ ಪಾತ್ರ ಇಲ್ಲಿಯೂ ಮಿಫುನೆಯದೇ. ಆದರೆ ನಮ್ಮ ಕಸಬಿನವರಿಗೆ ಎದೆಗೆ ತಾಗುವ ಒಂದು ಗಳಿಗೆ ಇದೆ. ಕಾಂಬೆ ಮೊದಲು ಒಲ್ಲೆ ಎನ್ನುತ್ತಾರೆ. ಪಕ್ಕದಲ್ಲಿದ್ದ ಒಬ್ಬ ಕೂಲಿಯಾಳು ಸಿಟ್ಟಿನಿಂದ ಅನ್ನದ ಬಟ್ಟಲನ್ನು ಮುಂದೆ ಹಿಡಿದು, ನೋಡಿ ಇದನ್ನು, ನಿಮಗೆ ಅಕ್ಕಿ ಹಾಕಿ ಇವರು ಮಾತ್ರ ಕಾಡುಧಾನ್ಯ ತಿನ್ನುತ್ತಿದ್ದಾರೆ ಎಂದು ಹೇಳುತ್ತಾನೆ. ಕಾಂಬೆ ಆ ಬಟ್ಟಲನ್ನು ಕೈಗೆ ತೆಗೆದುಕೊಳ್ಳುತ್ತಾರೆ. ಈ ಅನ್ನವನ್ನು ವ್ಯರ್ಥ ಮಾಡುವುದಿಲ್ಲ ಎನ್ನುತ್ತಾರೆ. ಅಷ್ಟೇ. ಕಾಳಗವೆಲ್ಲ ಆಮೇಲಿನದು. ದಿನಕ್ಕೆ ನೂರಾರು ತಟ್ಟೆ ಅನ್ನ ಬಡಿಸಿ, ಎಂಜಲಿನಲ್ಲಿ ಬಿಟ್ಟ ಅನ್ನವನ್ನು ಬಕೀಟಿಗೆ ಸುರಿದವರು ನಾವು. ಒಂದು ಬಟ್ಟಲನ್ನು ಹೇಗೆ ಹಿಡಿಯಬೇಕೆಂದು ಆ ನಟರ ಕೈ ನೋಡಿ ಕಲಿಯಬೇಕು. ಕೊನೆಯಲ್ಲಿ ನಾಲ್ವರು ಸಮುರಾಯ್ ಸತ್ತಿರುತ್ತಾರೆ, ರೈತರು ಹಾಡುತ್ತ ನಾಟಿ ಮಾಡುತ್ತಿರುತ್ತಾರೆ. ಗೆದ್ದವರು ನಾವಲ್ಲ, ಅವರು ಎಂದು ಕಾಂಬೆ ಒಪ್ಪಿಕೊಳ್ಳುತ್ತಾರೆ. ಮುಂದಾಳಾದವನು ಹೇಳಲು ಕಲಿಯಬೇಕಾದ ಮಾತು ಅದು.

ಅದೇ 1954ರ ನವೆಂಬರಿನಲ್ಲಿ ‘ಗಾಡ್ಜಿಲ್ಲಾ’. ನಮ್ಮ ಮಕ್ಕಳಿಗೆಲ್ಲ ಆ ದೈತ್ಯ ಪ್ರಾಣಿಯ ಹೆಸರು ಗೊತ್ತು. ಮೊದಲ ಚಿತ್ರದಲ್ಲಿ ಅದರ ಗುಟ್ಟು ಹುಡುಕುವ ಮುದಿ ವಿಜ್ಞಾನಿ ಶಿಮುರಾ. ಹಿರೋಶಿಮಾ, ನಾಗಸಾಕಿ ಕಳೆದು ಒಂಬತ್ತು ವರ್ಷ. ಆ ವರ್ಷದ ಮಾರ್ಚಿನಲ್ಲಿ ಪೆಸಿಫಿಕ್ ಸಾಗರದಲ್ಲಿ ನಡೆದ ಅಮೇರಿಕನ್ ಬಾಂಬ್ ಪರೀಕ್ಷೆಯ ಬೂದಿ ಒಂದು ಜಪಾನೀ ಮೀನು ದೋಣಿಯ ಮೇಲೆ ಬಿದ್ದಿತ್ತು. ಬಾಂಬ್ ಪರೀಕ್ಷೆ ನಿಲ್ಲದಿದ್ದರೆ ಇಂಥದು ಮತ್ತೆ ಬಂದೀತು ಎಂಬ ಎಚ್ಚರಿಕೆಯನ್ನು ಚಿತ್ರದ ಕೊನೆಗೆ ಹೇಳುವವರು ಶಿಮುರಾ ಅವರೇ. ಒಂದೇ ವರ್ಷದಲ್ಲಿ ಸಮುರಾಯ್ ದಳಪತಿ ಮತ್ತು ದೈತ್ಯನ ಚಿತ್ರದ ವಿಜ್ಞಾನಿ! ದೊಡ್ಡ ಕಲೆ, ಸಣ್ಣ ಕಲೆ ಎಂದು ಅವರು ಮೂಗು ಮುರಿಯಲಿಲ್ಲ. ಎರಡಕ್ಕೂ ಅದೇ ಶ್ರದ್ಧೆ.

ಮುಂದೆ ಏನಾಯಿತು? ಪಾತ್ರಗಳು ಸಣ್ಣವಾಗುತ್ತ ಬಂದವು. 1961ರ ‘ಯೋಜಿಂಬೊ’ದಲ್ಲಿ ಮದ್ಯದ ವ್ಯಾಪಾರಿ, 1963ರ ‘ಹೈ ಅಂಡ್ ಲೋ’ದಲ್ಲಿ ಪೊಲೀಸ್ ಮೇಲಧಿಕಾರಿ, 1965ರ ‘ರೆಡ್ ಬಿಯರ್ಡ್’ನಲ್ಲಿ ಒಬ್ಬ ಸಾಹುಕಾರ, ಎರಡು ಮಾತು, ನಾಲ್ಕು ಮಾತು. ‘ಇಕಿರು’ ಮಾಡಿದ ನಟ ಇವು ನನಗೆ ತಕ್ಕವಲ್ಲ ಎಂದು ಮನೆಯಲ್ಲಿ ಕೂರಲಿಲ್ಲ. ಒಟ್ಟು ಇನ್ನೂರಕ್ಕೂ ಹೆಚ್ಚು ಚಿತ್ರ. ಸರ್ಕಾರ 1974ರಲ್ಲಿ ಒಂದು ಪದಕವನ್ನೂ 1980ರಲ್ಲಿ ಇನ್ನೊಂದನ್ನೂ ಕೊಟ್ಟಿತು.

1980ರಲ್ಲಿ ‘ಕಾಗೆಮುಶಾ’. ಎಪ್ಪತ್ತೈದು ವರ್ಷದ ಹಳೆಯ ಜತೆಗಾರನಿಗಾಗಿ ಕುರೊಸಾವಾ ಒಂದು ಸಣ್ಣ ಪಾತ್ರ ಬರೆದಿದ್ದರು. ಆದರೆ ಆ ಚಿತ್ರ ಹೊರದೇಶಗಳಿಗೆ ಹೋಗುವಾಗ ಉದ್ದವಾಯಿತೆಂದು ಕತ್ತರಿ ಹಾಕಿದರು. ಕತ್ತರಿಗೆ ಸಿಕ್ಕಿದ್ದರಲ್ಲಿ ಶಿಮುರಾ ಅವರ ದೃಶ್ಯವೂ ಒಂದು. ಮೂವತ್ತೇಳು ವರ್ಷದ ಜತೆಗಾರಿಕೆಯ ಕೊನೆಯ ಪಾತ್ರ ಹೊರಗಿನವರ ಕಣ್ಣಿಗೆ ಬೀಳಲೇ ಇಲ್ಲ. ಪೂರ್ತಿ ಚಿತ್ರ ಹೊರಗೆ ದೊರೆತದ್ದು ಎಷ್ಟೋ ವರ್ಷಗಳ ಮೇಲೆ. 1982ರ ಫೆಬ್ರುವರಿ 11ರಂದು ಶ್ವಾಸಕೋಶದ ಬೇನೆಯಿಂದ ಶಿಮುರಾ ತೀರಿಕೊಂಡರು.

ಅವರು ಹಚ್ಚಿದ ದೀಪ ಆರಿಲ್ಲ. ನಮ್ಮ ಕನ್ನಡದಲ್ಲೇ 1978ರಲ್ಲಿ ಗಿರೀಶ್ ಕಾರ್ನಾಡರು ‘ಒಂದಾನೊಂದು ಕಾಲದಲ್ಲಿ’ ಮಾಡಿದಾಗ ಕುರೊಸಾವಾರ ಸಮುರಾಯ್ ಚಿತ್ರಗಳಿಗೆ ಕೈಮುಗಿದೇ ಮಾಡಿದರು. ಶಂಕರ್ ನಾಗ್ ಎಲ್ಲರಿಗೂ ನೆನಪಿದ್ದಾರೆ. ಅವರೆದುರು ಕತ್ತಿ ಹಿಡಿದು ನಿಂತ ಹಿರಿಯ ಯೋಧ ಸುಂದರ ಕೃಷ್ಣ ಅರಸರನ್ನೂ ನೆನೆಯಿರಿ. ‘ಇಕಿರು’ವಿನ ಕಥೆಯನ್ನು ನಾಗಸಾಕಿಯಲ್ಲಿ ಹುಟ್ಟಿದ ಕಾಜುವೊ ಇಶಿಗುರೊ ಲಂಡನ್ನಿಗೆ ಹೊಂದಿಸಿ ಬರೆದು, ‘ಲಿವಿಂಗ್’ ಎಂಬ ಹೆಸರಿನಲ್ಲಿ 2022ರಲ್ಲಿ ಮತ್ತೊಮ್ಮೆ ಚಿತ್ರವಾಯಿತು. ಎಪ್ಪತ್ತು ವರ್ಷವಾದರೂ ಕಿಟಕಿಗಳು ಹಾಗೆಯೇ ಇರುವಾಗ ಕಥೆ ಹಳೆಯದಾಗುವುದು ಹೇಗೆ?

ಬಂಧುಗಳೇ, ಈಗ ನೀವು ನಕ್ಕ ಮಾತಿಗೆ ಬರುತ್ತೇವೆ. ನಮ್ಮ ಕೋಣೆಗಳಿರುವ ಗಲ್ಲಿಗೆ ಒಂದು ನಲ್ಲಿ ಮತ್ತು ಎರಡು ಪಾಯಖಾನೆ ಬೇಕೆಂದು ಸಂಘ ಅರ್ಜಿ ಕೊಟ್ಟು ನಾಲ್ಕು ವರ್ಷವಾಯಿತು. ಯಾವ ಕಚೇರಿ ಎಂದು ಹೆಸರು ಹೇಳುವುದು ಬೇಡ. ಕಿಟಕಿಗಳು ಮಾತ್ರ ನಮಗೆ ಬಾಯಿಪಾಠ. ಆ ಕಡತವನ್ನು ಕಂಕುಳಲ್ಲಿಟ್ಟು ತಿರುಗಿದವರು ನಮ್ಮ ಕೊಡೆಯಣ್ಣ. ಬಿಸಿಲಿರಲಿ ಮಳೆಯಿರಲಿ ಕೊಡೆ ಬಿಟ್ಟವರಲ್ಲ, ಅದಕ್ಕೇ ಆ ಹೆಸರು. ಮಧ್ಯಾಹ್ನದ ಬಿಡುವಿನಲ್ಲಿ ನಾವು ಮಲಗಿದಾಗ ಅವರು ಹೋಗುತ್ತಿದ್ದರು. ಹೋದ ಒಂದೊಂದು ಸಲಕ್ಕೂ ಕಡತದ ಒಳಮೈಯಲ್ಲಿ ಪೆನ್ಸಿಲಿನ ಒಂದು ಗೀಟು. ಈ ವಾರ ಎಣಿಸಿ ನೋಡಿದೆವು: ಐವತ್ತೆಂಟು ಗೀಟು.

ಇಷ್ಟಾಗಿ, ಕಳೆದ ವರ್ಷದ ನಮ್ಮ ವಾರ್ಷಿಕ ವರದಿಯಲ್ಲಿ ಈ ಅರ್ಜಿಯ ವಿಷಯ ಬರೆದಾಗ ಪದಾಧಿಕಾರಿಗಳ ಸತತ ಪ್ರಯತ್ನ ಎಂದು ಅಚ್ಚು ಹಾಕಿಸಿದೆವು. ಕೊಡೆಯಣ್ಣನ ಹೆಸರು ಇರಲಿಲ್ಲ. ಬರೆದವರು ಬೇರೆ ಯಾರೂ ಅಲ್ಲ, ನಾವೇ. ಅವರು ಓದಿದರು, ಕಾಗದ ಮಡಿಸಿ ಜೇಬಿಗಿಟ್ಟುಕೊಂಡರು, ಮರುದಿನ ಮಧ್ಯಾಹ್ನ ಮತ್ತೆ ಕೊಡೆ ತೆಗೆದುಕೊಂಡು ಹೊರಟರು. ಆ ದಿನ ನಾಚಿಕೆಯಾಗಲಿಲ್ಲ. ‘ಇಕಿರು’ ನೋಡಿದ ರಾತ್ರಿ ಆಯಿತು. ಉಪಮೇಯರರ ಮುಖದಲ್ಲಿ ನಮ್ಮ ಮುಖ ಕಂಡಿತು. ಈ ತಪ್ಪನ್ನು ಎಲ್ಲರ ಎದುರು ಒಪ್ಪಿಕೊಳ್ಳುವುದಕ್ಕೇ ಇವತ್ತು ಈ ವಿಷಯ ಆರಿಸ್ಕೊಂಡೆವು; ಜಪಾನು ಒಂದು ನೆಪ ಎಂದರೂ ಸರಿಯೇ.

ಕೊಡೆಯಣ್ಣ ಈಗ ಮೊಣಕಾಲಿನ ನೋವಿಗೆ ಊರಿಗೆ ಹೋಗಿದ್ದಾರೆ. ಹಿಂದೆ ಬರುವುದು ಅನುಮಾನ. ಹೋಗುವಾಗ ಕಡತವನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ನಮ್ಮ ಕೈಗೆ ಕೊಟ್ಟರು. ಆರು ವಾರದಿಂದ ಅದು ಕಪಾಟಿನಲ್ಲಿ ಬಿದ್ದಿದೆ. ಐವತ್ತೊಂಬತ್ತನೆಯ ಗೀಟು ಬಿದ್ದಿಲ್ಲ.

ಚಿತ್ರ ಮುಗಿದ ಮೇಲೆ ಕೆಲವರ ಕಣ್ಣು ಒದ್ದೆಯಾಗುತ್ತದೆ. ಆಗ ಯಾರೂ ಪ್ರತಿಜ್ಞೆ ಮಾಡಬೇಡಿ. ಆ ಕಚೇರಿಯವರೂ ಮಾಡಿದ್ದರು. ಕುರ್ಚಿ ಬೀಳಿಸಿ ಎದ್ದ ಗುಮಾಸ್ತ ಯಾಕೆ ಮತ್ತೆ ಕುಸಿದ? ಪಕ್ಕದಲ್ಲಿ ಎರಡನೆಯವನು ಏಳಲಿಲ್ಲ, ಅದಕ್ಕೆ. ಬರುವ ಬುಧವಾರ ಮಧ್ಯಾಹ್ನ ಮೂರು ಗಂಟೆಗೆ ಕಡತ ಹಿಡಿದು ಆ ಕಿಟಕಿಗೆ ಹೋಗುತ್ತೇವೆ. ಜತೆಗೆ ಇಬ್ಬರು ಬೇಕು. ಬಿಡುವಿನ ನಿದ್ದೆ ಹೋಗುತ್ತದೆ, ಬಸ್ಸಿನ ಹಣ ಕೈಯಿಂದ ಹಾಕಬೇಕಾದೀತು, ಕೆಲಸ ಅಂದೇ ಆಗುವುದಿಲ್ಲ. ಆದರೆ ಈ ಸಲದ ವರದಿಯಲ್ಲಿ ಮೊದಲ ಹೆಸರು ಕೊಡೆಯಣ್ಣನದು. ನಿಮ್ಮ ಹೆಸರುಗಳೂ ಇರುತ್ತವೆ, ಪದಾಧಿಕಾರಿಗಳಿಗಿಂತ ಮೇಲೆ.

ಬಾಗಿಲ ಹತ್ತಿರ ಮೇಜಿನ ಮೇಲೆ ಕಡತ ಇಟ್ಟಿದ್ದೇವೆ, ಪಕ್ಕದಲ್ಲಿ ಪೆನ್ಸಿಲು. ಮನಸ್ಸಿದ್ದವರು ಹೋಗುವಾಗ ಹೆಸರು ಬರೆಯಿರಿ.

ಇನ್ನು ದೀಪ ಆರಿಸೋಣ. ಮಕ್ಕಳನ್ನು ಮುಂದೆ ಕೂರಿಸಿ.